ಚಿತ್ತಯ್ಯನಿಗೆ ಕಂಠದಾನ

ಚಿತ್ರದುರ್ಗದ ಕಾಲೇಜೊಂದರಲ್ಲಿ ಸಿನಿಮಾ ಹುಚ್ಚಿನ ಹುಡುಗ ಹುಡುಗಿಯರು ಒಂದು ಕೂಟ ಕಟ್ಟಿಕೊಂಡಿದ್ದಾರೆ. ಕೆಲವು ತಿಂಗಳ ಹಿಂದೆ ನನ್ನನ್ನು ಕರೆಸಿದ್ದರು. ಶಾಲು ಹೊದಿಸಿ ಕೂರಿಸಿದ ಮೇಲೆ ಮುಂದಿನ ಸಾಲಿನ ಹುಡುಗಿಯೊಬ್ಬಳು ಎದ್ದು, “ಸಾರ್, ನೀವು ಸಿನಿಮಾದಾಗೆ ಏನಾಗಿದ್ರಿ?” ಅಂದಳು. ಮೂವತ್ತಾರು ವರ್ಷ ದುಡಿದವನು ಬಾಯಿ ತೆರೆದೆ, ಹಾಗೇ ಮುಚ್ಚಿದೆ. ಉತ್ತರ ಗೊತ್ತಿದ್ದರೆ ತಾನೇ ಹೇಳುವುದು.

ಕ್ಲ್ಯಾಪ್ ಬೋರ್ಡ್ ಹಿಡಿದಿದ್ದೇನೆ. ಜಾಗ ಹುಡುಕಿದ್ದೇನೆ. ಬೇರೆಯವರು ಬರೆದ ಸಂಭಾಷಣೆ ತಿದ್ದಿದ್ದೇನೆ, ನಾನು ಬರೆದದ್ದಕ್ಕೆ ಬೇರೆಯವರ ಹೆಸರು ಬಂದದ್ದನ್ನು ಪರದೆಯ ಮೇಲೆ ಓದಿದ್ದೇನೆ. ಎಡಿಟಿಂಗ್ ಟೇಬಲ್ಲಿನ ಮುಂದೆ ಕೂತು ಫಿಲಂ ಕತ್ತರಿಸಿದ್ದೇನೆ. ಹೆಣವಾಗಿ ಮಲಗಿದ್ದೇನೆ. ಡಾಕ್ಟರಾಗಿ ಕನ್ನಡಕ ತೆಗೆದು ತಲೆ ಅಲ್ಲಾಡಿಸಿದ್ದೇನೆ. ಹೊಳಲ್ಕೆರೆಯ ಮಾರ್ಕೆಟ್ ಯಾರ್ಡಿನ ಎದುರು ಆ ಡಾಕ್ಟರ್ ವೇಷದಲ್ಲೇ ಟೀ ಕುಡಿಯುತ್ತಿದ್ದಾಗ ಅಜ್ಜ ಒಬ್ಬರು ಬಂದು ಮಂಡಿ ಮುಂದೆ ಮಾಡಿ, “ಏನರ ಬರ್ಕೊಡ್ರಿ ಸಾರು” ಅಂದಿದ್ದರು. ನಾನು ಡಾಕ್ಟರಲ್ಲ ಎಂದರೆ ನಂಬಲೇ ಇಲ್ಲ. ಕೊನೆಗೆ ಬಿಸಿನೀರು ಹಾಕಿಕೊಳ್ಳಿ ಅಂದೆ. ಒಂದೇ ಒಂದು ಸಿನಿಮಾ ನಿರ್ದೇಶನವನ್ನೂ ಮಾಡಿದ್ದೇನೆ. ಇದರಲ್ಲಿ ಯಾವುದು ನಾನು ಅಂತ ಆ ಹುಡುಗಿಗೆ ಹೇಳಲಿ?

ಅವತ್ತು ಆಗದ ಉತ್ತರವನ್ನು ಈಗ ಬರೆಯಲು ಕೂತಿದ್ದೇನೆ. ಬರೆದು ಮುಗಿಸುವಷ್ಟರಲ್ಲಿ ತಿಳಿಯಾಗುತ್ತದೆ ಎಂಬ ಭರವಸೆ ನನಗೇ ಇಲ್ಲ. ಈ ಕಸುಬಿಗೆ ಬರುವ ಮಕ್ಕಳು ಓದಿಕೊಂಡು ಏನು ತಿಳಿಯುತ್ತದೋ ತಿಳಿದುಕೊಳ್ಳಿ.

ಮೊದಲು ಕಂಟಿನ್ಯೂಟಿಯ ಕೆಲಸ ಹೇಳುತ್ತೇನೆ. ಇವತ್ತು ತೆಗೆದ ಶಾಟಿನಲ್ಲಿ ನಾಯಕನ ಕೈಯಲ್ಲಿ ಕೋಲು ಬಲಗಡೆ ಇದ್ದರೆ ಹದಿನೈದು ದಿನ ಬಿಟ್ಟು ತೆಗೆಯುವ ಮುಂದಿನ ಶಾಟಿನಲ್ಲೂ ಬಲಗಡೆಯೇ ಇರಬೇಕು. ಅದನ್ನು ಪುಸ್ತಕದಲ್ಲಿ ಬರೆದಿಡುವುದು ನನ್ನ ಕೆಲಸ. ಹೊಸದುರ್ಗದ ಹತ್ತಿರ ಗುಡ್ಡದ ಮೇಲೆ ಪಾಳೇಗಾರರ ಕಾಲದ ಕಥೆಯೊಂದನ್ನು ತೆಗೆದೆವು. ಪಾಳೇಗಾರನ ರುಮಾಲಿನ ಸುತ್ತು, ಕತ್ತಿಯ ಬಗಲು, ಹಣೆಯ ವಿಭೂತಿಯ ಗೆರೆ, ಒಂದೂ ಬಿಡದೆ ಬರೆದೆ. ಪ್ರಿಂಟ್ ಬಂತು. ನೋಡಿದರೆ ಪಾಳೇಗಾರನ ತಲೆಯ ಹಿಂದೆ ದೂರದ ಗುಡ್ಡದಲ್ಲಿ ಗಾಳಿಯಿಂದ ಕರೆಂಟ್ ತೆಗೆಯುವ ದೊಡ್ಡ ಫ್ಯಾನು ಗಿರಗಿರ ತಿರುಗುತ್ತಿದೆ.

“ತಿಪ್ಪೇಸ್ವಾಮಿ, ಏನದು?” ಅಂದರು ನಿರ್ದೇಶಕರು.

“ಕರೆಂಟ್ ಫ್ಯಾನು ಸಾರ್.”

“ಪಾಳೇಗಾರರ ಕಾಲದಾಗೆ ಇತ್ತಾ?”

“ಇಲ್ಲ ಸಾರ್. ಆದ್ರೆ ಎಲ್ಲಾ ಶಾಟಿನಾಗೂ ಐತೆ. ಕಂಟಿನ್ಯೂಟಿ ತಪ್ಪಿಲ್ಲ.”

ಅವರು ಆ ರೀಲನ್ನು ಇನ್ನೊಮ್ಮೆ ಹಾಕಿಸಿ ನೋಡಿದರು. ಮನಸ್ಸಿನಲ್ಲೇ ಬೈದರೋ ಮೆಚ್ಚಿದರೋ ಇವತ್ತಿಗೂ ಗೊತ್ತಾಗಿಲ್ಲ. ಆ ಮನುಷ್ಯ ತನಗೆ ಬೇಕಾದ್ದು ಏನೆಂದು ಯಾವತ್ತೂ ಹೇಳಿದವರಲ್ಲ, “ಇದಲ್ಲ” ಅನ್ನುವುದಷ್ಟೇ ಅವರಿಗೆ ಬರುತ್ತಿತ್ತು. ಒಂಬತ್ತು ಸಲ “ಇದಲ್ಲ” ಅಂದು, ಹತ್ತನೆಯ ಸಲ ಸಾಕಾಗಿ, ಮೊದಲನೆಯದನ್ನೇ ಇಟ್ಟುಕೊಳ್ಳುತ್ತಿದ್ದರು. ಹೊಸದುರ್ಗದಲ್ಲಿ ಆ ಸಿನಿಮಾ ಬಂದಾಗ ಪಾಳೇಗಾರನಿಗೆ ಬೀಳದ ಶಿಳ್ಳೆ ಆ ಫ್ಯಾನಿಗೆ ಬಿತ್ತು.

ಇನ್ನು ದನಿಯ ವಿಷಯ. ಈಗ ನೀವು ಅಂಗಿಯ ಗುಂಡಿಯಷ್ಟು ಮೈಕು ಸಿಕ್ಕಿಸಿ ನಟನ ಉಸಿರನ್ನೂ ಹಿಡಿಯುತ್ತೀರಿ. ನಮ್ಮ ಕಾಲದಲ್ಲಿ ಕ್ಯಾಮೆರಾವೇ ಹಿಟ್ಟಿನ ಗಿರಣಿಯ ಹಾಗೆ ಸದ್ದು ಮಾಡುತ್ತಿತ್ತು. ಶೂಟಿಂಗಿನಲ್ಲಿ ಆಡಿದ ಮಾತನ್ನು ಒಂದು ಟೇಪಿಗೆ ಹಿಡಿದುಕೊಳ್ಳುತ್ತಿದ್ದೆವು, ಅದಕ್ಕೆ ಪೈಲಟ್ ಅನ್ನುತ್ತಿದ್ದೆವು. ಅದು ಗುರುತಿಗೆ ಮಾತ್ರ. ಆಮೇಲೆ ಸ್ಟುಡಿಯೋದ ಕತ್ತಲಲ್ಲಿ ನಟನೋ ಬೇರೆ ಯಾರೋ ಆ ಪೈಲಟ್ಟನ್ನು ಕಿವಿಗೆ ಹಾಕಿಕೊಂಡು, ಪರದೆಯ ಮೇಲಿನ ತುಟಿಗೆ ಸರಿಯಾಗಿ ಹೊಸದಾಗಿ ಮಾತಾಡುತ್ತಿದ್ದರು. ಬೇರೆಯವರು ಮಾತಾಡಿದರೆ ಅದಕ್ಕೆ ಕಂಠದಾನ ಎಂಬ ದೊಡ್ಡ ಹೆಸರು. ಕೆಲಸ ಮುಗಿದ ಮೇಲೆ ಪೈಲಟ್ ಟೇಪನ್ನು ಅಳಿಸಿ ಮುಂದಿನ ಸಿನಿಮಾಕ್ಕೆ ಬಳಸುತ್ತಿದ್ದೆವು. ಯಾರಿಗೂ ಅದರಲ್ಲಿ ತಪ್ಪು ಕಾಣುತ್ತಿರಲಿಲ್ಲ, ನನಗಂತೂ ಕಂಡಿರಲಿಲ್ಲ.

ನಾನು ನಿರ್ದೇಶಿಸಿದ ಆ ಒಂದು ಸಿನಿಮಾ ಹಿರಿಯೂರು ತಾಲ್ಲೂಕಿನ ಧರ್ಮಪುರದ ಕಡೆ ಕುರಿ ಕಾಯುವವನೊಬ್ಬನ ಕಥೆ. ನಟರನ್ನು ತಂದು ಕಂಬಳಿ ಹೊದಿಸಿ ನೋಡಿದೆ. ಎಲ್ಲರೂ ಕಂಬಳಿ ಹೊದ್ದ ನಟರ ಹಾಗೇ ಕಂಡರು. ಹಾಗಾಗಿ ಅಲ್ಲೇ ಕುರಿ ಮೇಯಿಸುತ್ತಿದ್ದ ಚಿತ್ತಯ್ಯ ಎಂಬವನನ್ನೇ ನಿಲ್ಲಿಸಿದೆ. ನನಗಿಂತ ನಾಲ್ಕೈದು ವರ್ಷ ದೊಡ್ಡವನು. ಎತ್ತರದ ಆಳು, ಕಡಿಮೆ ಮಾತು. ಹೆಂಡತಿ ಕರಿಯಮ್ಮ, ಸೊಂಟದ ಮೇಲೆ ಕೂರುವ ವಯಸ್ಸಿನ ಒಬ್ಬಳು ಮಗಳು. ಕ್ಯಾಮೆರಾ ಕಂಡರೆ ಹೆದರದ ಮನುಷ್ಯನನ್ನು ನಾನು ಕಂಡದ್ದು ಅವನೊಬ್ಬನನ್ನೇ. ಕುರಿ ಏನು ಮಾಡುತ್ತವೋ ಎಂಬ ಚಿಂತೆಯಲ್ಲಿ ಕ್ಯಾಮೆರಾ ನೋಡಲು ಅವನಿಗೆ ಪುರಸೊತ್ತೇ ಇರಲಿಲ್ಲ.

ತೊಂದರೆ ಶುರುವಾದದ್ದು ಬೆಂಗಳೂರಿನ ಡಬ್ಬಿಂಗ್ ಸ್ಟುಡಿಯೋದಲ್ಲಿ. ಚಿತ್ತಯ್ಯನನ್ನು ಕರೆತಂದು, ಕಿವಿಗೆ ಹೆಡ್‌ಫೋನ್ ಹಾಕಿ, ಮೈಕಿನ ಮುಂದೆ ನಿಲ್ಲಿಸಿದೆವು. ಪರದೆಯ ಮೇಲೆ ಅವನೇ ಬಂದ, ಮಾತಾಡಿದ, ಹೋದ. ಇಲ್ಲಿ ನಿಂತವನು ಸುಮ್ಮನೆ ನಿಂತಿದ್ದ. ಹತ್ತು ಸಲ ಹಾಕಿದೆವು, ಹತ್ತು ಸಲವೂ ಅಷ್ಟೇ.

“ಯಾಕೆ ಚಿತ್ತಯ್ಯ, ಮಾತಾಡ್ರಿ” ಅಂದೆ.

“ಅವನು ಮಾತಾಡ್ತಾ ಅವ್ನಲ್ಲ ಸ್ವಾಮಿ. ಒಬ್ರು ಮಾತಾಡೋವಾಗ ಮಧ್ಯ ಬಾಯಿ ಹಾಕಾದು ಹೆಂಗೆ?”

ನಾವೆಲ್ಲ ನಕ್ಕೆವು. ಅವನು ನಗಲಿಲ್ಲ. ಪರದೆಯ ಮೇಲಿನವನು ಮಾತು ಮುಗಿಸುವ ತನಕ ಕಾದು, ಆಮೇಲೆ ತನ್ನ ಮಾತು ಹೇಳುತ್ತಿದ್ದ. ಅಷ್ಟೊತ್ತಿಗೆ ಪರದೆಯಲ್ಲಿ ಬರೀ ಗುಡ್ಡ ಇರುತ್ತಿತ್ತು. ಎರಡನೇ ದಿನ, “ಕುರಿ ಯಾರ ಕೈಯಾಗೋ ಬಿಟ್ಟು ಬಂದೀನಿ, ಹೋಗಾಣ ನಡೀರಿ” ಎಂದು ಹಟ ಹಿಡಿದ. ಬಸ್ಸು ಹತ್ತಿಸಿದೆವು. ನಿರ್ಮಾಪಕರು ಸ್ಟುಡಿಯೋದ ಅವಧಿ ಮುಗಿಯುತ್ತಿದೆ ಎಂದು ಕುಣಿಯುತ್ತಿದ್ದರು. ಅವರಿಗೆ ಅವನ ಮಾತೇ ಹಿಡಿಸಿರಲಿಲ್ಲ, ಅರ್ಧ ತೆಲುಗು, ಬೆಂಗಳೂರಿನವರಿಗೆ ತಿಳಿಯುವುದಿಲ್ಲ ಅಂತ. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅನ್ನುವ ಜಾತಿಯವನು ನಾನು. ನನ್ನೊಳಗಿನ ನಿರ್ದೇಶಕ ತಿಪ್ಪೇಸ್ವಾಮಿ ತಲೆ ಮೇಲೆ ಕೈ ಹೊತ್ತು ಕೂತಿದ್ದಾಗ ಸಂಭಾಷಣೆಯ ತಿಪ್ಪೇಸ್ವಾಮಿ ಎದ್ದು, “ನಾನೇ ಮಾತಾಡ್ತೀನಿ” ಅಂದ.

ನಾಲ್ಕು ದಿನ ಚಿತ್ತಯ್ಯನ ದನಿಯನ್ನು ಕಿವಿಗೆ ಹಾಕಿಕೊಂಡು ನಾನು ಮಾತಾಡಿದೆ. ನನ್ನದು ಮೊದಲಿಂದ ದಪ್ಪ ದನಿ. ತೂಕವಾಗಿ, ಬಿಡಿಬಿಡಿಯಾಗಿ ಆಡಿದೆ. ಎಲ್ಲರೂ ಭೇಷ್ ಅಂದರು. ನನಗೂ ಹಿಗ್ಗಾಯಿತು.

ಹಿರಿಯೂರಿನ ಟಾಕೀಸಿಗೆ ಸಿನಿಮಾ ಬಂದಾಗ ಚಿತ್ತಯ್ಯ ಊರಿನವರನ್ನೆಲ್ಲ ಕಟ್ಟಿಕೊಂಡು ಬಂದಿದ್ದ. ಮುಗಿದ ಮೇಲೆ ಗೇಟಿನ ಹತ್ತಿರ ಜನರ ಜೊತೆ ಮಾತಾಡುತ್ತಾ ನಿಂತಿದ್ದ ನನ್ನ ಬಳಿಗೆ ಬಂದು ಮೆಲ್ಲಗೆ ಕೇಳಿದ.

“ಸ್ವಾಮಿ, ಅದ್ರಾಗೆ ಮಾತಾಡಿದ್ದು ನಾನೇನಾ?”

ಸುತ್ತ ಅವನ ಊರಿನವರು ನಿಂತಿದ್ದರು. ಅವನ ಮರ್ಯಾದೆ ಹೋಗಬಾರದು ಅನ್ನಿಸಿತು. “ನೀವೇ ಕಣ್ರಿ. ನಮ್ಮ ದನಿ ನಮಗೆ ಬ್ಯಾರೆ ಕೇಳುತ್ತೆ. ಮೈಕಿನಾಗೆ ಕೇಳೋದೇ ನಿಜವಾದದ್ದು” ಅಂದೆ. ಪೂರ್ತಿ ಸುಳ್ಳೇನಲ್ಲ ನೋಡಿ, ಯಾರಿಗೇ ಆಗಲಿ ತಮ್ಮ ದನಿ ಟೇಪಿನಲ್ಲಿ ಬೇರೆಯಾಗಿಯೇ ಕೇಳುತ್ತದೆ. ಅವನು ತಲೆಯಾಡಿಸಿ ಹೋದ. ಸಿನಿಮಾ ಒಂದು ವಾರ ಓಡಿತು. ಆಮೇಲೆ ಟಿವಿಯಲ್ಲಿ ಅವಾಗವಾಗ ಬಂತು. ಚಿತ್ತಯ್ಯ ಕೆಲವು ವರ್ಷಗಳ ನಂತರ ಕಾಯಿಲೆಯಾಗಿ ತೀರಿಕೊಂಡನೆಂದು ಯಾರೋ ಹೇಳಿದರು. ನಾನು ಆಗ ಇನ್ನಾವುದೋ ಸಿನಿಮಾದಲ್ಲಿ ಇನ್ನೇನೋ ಆಗಿದ್ದೆ.

ಈಗ ಮೊದಲಿನ ಮಾತಿಗೆ ಬರುತ್ತೇನೆ. ಕಾಲೇಜಿನ ಮಕ್ಕಳು ನನ್ನ ಭಾಷಣವನ್ನು ಇಂಟರ್‌ನೆಟ್ಟಿಗೆ ಹಾಕಿದ್ದರು. ಅದಾಗಿ ಒಂದು ವಾರದ ಮೇಲೆ ಫೋನ್ ಬಂತು. “ಹಲೋ, ಯಾರು?” ಅಂದೆ. ಆ ಕಡೆ ಸದ್ದಿಲ್ಲ. ಇಡಬೇಕು ಅನ್ನುವಷ್ಟರಲ್ಲಿ, “ಇಡಬೇಡ್ರಿ ಸಾರ್. ಇನ್ನೊಂದು ಮಾತಾಡ್ರಿ” ಅಂತ ಹೆಣ್ಣು ದನಿ. ಚಿತ್ತಯ್ಯನ ಮಗಳು ಸವಿತಾ. ಹೊಳಲ್ಕೆರೆಯಲ್ಲಿ ಪ್ರೈಮರಿ ಶಾಲೆಯ ಟೀಚರ್.

“ನಿಮ್ಮ ಭಾಷಣ ಹಾಕ್ಕಂಡು ಅಡಿಗೆ ಮಾಡ್ತಿದ್ದೆ ಸಾರ್. ನನ್ನ ಮಗ್ಳು ಓಡಿ ಬಂದು, ತಾತ ಮಾತಾಡ್ತೈತೆ ಅಂದ್ಲು. ನಂಗೂ ಹಂಗೇ ಅನ್ಸಿತ್ತು. ಅಪ್ಪ ಹೋದಾಗ ನಂಗೆ ಒಂಬತ್ತು ವರ್ಷ. ಫೋಟೋ ಎರಡವೆ. ದನಿ ಅಂದ್ರೆ ಆ ಸಿನಿಮಾದಾಗೆ ಇರೋದೊಂದೇ. ದಿನಾ ಮಗಿಗೆ ಕೇಳಿಸ್ತೀನಿ. ಅದ್ರಾಗೆ ಮಾತಾಡಿರೋದು ನಮ್ಮಪ್ಪನೋ ನೀವೋ, ಅಷ್ಟು ಹೇಳಿಬಿಡ್ರಿ.”

“ನಾನೇ ಕಣಮ್ಮ” ಅಂದೆ. ಅಷ್ಟಕ್ಕೇ ಬಿಡಲು ಮನಸ್ಸಾಗದೆ, “ಎಲ್ಲಾ ಅಲ್ಲ. ಆ ಕುರಿಮರಿ ಸೀನು ಐತಲ್ಲ, ಅದ್ರಾಗಿರೋದು ನಿಮ್ಮಪ್ಪಂದೇ” ಎಂದು ಸೇರಿಸಿದೆ. ತಾಯಿ ಸತ್ತ ಮರಿಯನ್ನು ಚಿತ್ತಯ್ಯ ಹಾಲು ಕುಡಿಸಲೆಂದು ಬೇರೊಂದು ಕುರಿಗೆ ಹಚ್ಚುವ ದೃಶ್ಯ ಅದು. ಕುರಿಯ ಕಿವಿಯ ಹತ್ತಿರ ಪಿಸುಪಿಸು ಮಾತಾಡುತ್ತಾನೆ.

“ಆದ್ರೆ ಸಾರ್,” ಅಂದಳು ಸವಿತಾ, “ನಮ್ಮಪ್ಪ ಮನ್ಯಾಗೂ ಹಂಗೇ ಮಾತಾಡ್ತಿದ್ದ. ನಂಗೆ ಚೆನ್ನಾಗಿ ನೆನಪೈತೆ.”

ಇದೇನು ಅಂತ ತಲೆ ಕೆಟ್ಟುಹೋಯಿತು. ನಾನು ಆಡಿದ ದನಿಯನ್ನು ಇವಳು ಮನೆಯಲ್ಲಿ ಕೇಳಿದ್ದು ಹೇಗೆ? ಸಿನಿಮಾ ನೋಡಿ ನೋಡಿ ನೆನಪೇ ಹಾಗೆ ತಿರುಗಿಕೊಂಡಿತೋ? ಇಲ್ಲಾ ನಾನೇ ಅವನ ಹಾಗೆ ಆಡಿದ್ದೆನೋ? ಚಿತ್ತಯ್ಯನ ದನಿ ಹೇಗಿತ್ತೆಂದು ನೆನಪಿಸಿಕೊಳ್ಳಲು ಹೋದರೆ ಕಿವಿಯಲ್ಲಿ ಕೇಳುವುದು ನನ್ನದೇ. ಅದಕ್ಕಿಂತ ಹೆಚ್ಚಾಗಿ, ಕುರಿಮರಿ ದೃಶ್ಯದ ಬಗ್ಗೆ ನಾನು ಹೇಳಿದ್ದು ನಿಜವೋ, ಆ ಹೆಣ್ಣುಮಗಳ ಸಮಾಧಾನಕ್ಕೆ ಬಾಯಿಗೆ ಬಂದದ್ದೋ, ನನಗೇ ಗೊತ್ತಿರಲಿಲ್ಲ.

ಸೌಂಡ್ ಇಂಜಿನಿಯರ್ ಆಗಿದ್ದ ಮೂರ್ತಿಗೆ ಫೋನ್ ಮಾಡಿದೆ. ಪೈಲಟ್ ಇಟ್ಟಿರಲು ಸಾಧ್ಯವೇ ಇಲ್ಲ, ಗಾಳಿಯ ಸದ್ದು ಇರುತ್ತದೆ ಅಂದ. ಹತ್ತು ನಿಮಿಷ ಬಿಟ್ಟು ಅವನೇ ಮಾಡಿ, ಇಟ್ಟಿದ್ದೆವು ಅನ್ನಿಸುತ್ತದೆ ಕಣಯ್ಯ, ಆ ದೃಶ್ಯದಲ್ಲಿ ಗಾಳಿ ಇದೆಯಲ್ಲ ಅಂದ. ಗಾಳಿಯನ್ನು ಆಮೇಲೆ ಸೇರಿಸಿದೆವಲ್ಲವಾ ಎಂದು ಕೇಳಿದರೆ, ಅದೂ ಇರಬಹುದು ಅಂದ. ಅಟ್ಟ ಹತ್ತಿ ಆ ಸಿನಿಮಾದ ಹಳೆಯ ಪುಸ್ತಕ ತೆಗೆದೆ. ರೀಲ್ ಏಳು, ಕುರಿಮರಿ ಎಂಬುದರ ಮುಂದೆ ನನ್ನದೇ ಅಕ್ಷರದಲ್ಲಿ “ಇದ್ದದ್ದೇ ಇರಲಿ” ಅಂತಿದೆ. ಇದ್ದದ್ದು ಯಾವುದು? ನಿರ್ದೇಶಕನಾಗಿ ಬರೆದಿದ್ದರೆ ಪೈಲಟ್ ಇರಲಿ ಎಂದರ್ಥ. ಎಡಿಟಿಂಗಿಗೆ ಕೂತಾಗ ಬರೆದಿದ್ದರೆ, ಒಮ್ಮೆ ಡಬ್ ಮಾಡಿದ್ದೇ ಸಾಕು, ಮತ್ತೆ ಬೇಡ ಎಂದರ್ಥ. ಯಾವ ಕುರ್ಚಿಯಲ್ಲಿ ಕೂತು ಬರೆದೆ ಎಂದು ಪುಸ್ತಕ ಹೇಳುವುದಿಲ್ಲ. ಎಲ್ಲಾ ಕೆಲಸವೂ ಒಬ್ಬನೇ ಮಾಡಿದರೆ ಕೇಳಲು ಇನ್ನೊಬ್ಬ ಇರುವುದಿಲ್ಲ. ಮಕ್ಕಳೇ, ಬೇರೆ ಏನು ಮರೆತರೂ ಇದನ್ನು ಮರೆಯಬೇಡಿ.

“ನಮ್ಮವ್ವನ್ನ ಕೇಳಾಣ ಬರ್ರಿ ಸಾರ್. ಅವ್ವಂಗೆ ಗೊತ್ತಿರ್ತೈತೆ” ಅಂದಳು ಸವಿತಾ, ಇದನ್ನೆಲ್ಲ ಫೋನಿನಲ್ಲಿ ಹೇಳಿದಾಗ. ಇಷ್ಟು ದಿನ ಯಾಕೆ ಕೇಳಲಿಲ್ಲ ಎಂದು ಕೇಳಿದೆ. ಆ ಸಿನಿಮಾ ಹಾಕಿದರೆ ಅವ್ವ ಎದ್ದು ಹೊರಗೆ ಹೋಗುತ್ತಾಳೆ, ದುಃಖವೇನೋ ಎಂದು ಬಿಟ್ಟಿದ್ದೆ ಅಂದಳು.

ಒಂದು ಭಾನುವಾರ ಹೊಳಲ್ಕೆರೆಯಿಂದ ಅವಳು ಚಿತ್ರದುರ್ಗಕ್ಕೆ ಬಂದಳು. ಇಬ್ಬರೂ ಹಿರಿಯೂರಿನ ಬಸ್ಸು ಹತ್ತಿ, ಅಲ್ಲಿಂದ ಧರ್ಮಪುರದ ಕಡೆ ಹೋದೆವು. ದಾರಿಯುದ್ದಕ್ಕೂ ಅವಳು ಕಿವಿಗೆ ವೈರು ಸಿಕ್ಕಿಸಿಕೊಂಡು ಆ ದೃಶ್ಯವನ್ನೇ ಕೇಳುತ್ತಿದ್ದಳು. “ಇದು ಅಪ್ಪಂದೇ ಸಾರ್” ಅನ್ನುವಳು. ಒಂದು ಮೈಲಿ ಹೋದ ಮೇಲೆ, “ಅಲ್ಲ ಅನ್ಸುತ್ತೆ” ಅನ್ನುವಳು. ನನಗೂ ಒಂದು ವೈರು ಕೊಟ್ಟಳು. ಕೇಳಿದೆ. ಪಿಸುಮಾತಿಗೆ ಯಾರ ಮುದ್ರೆ ಇರುತ್ತದೆ? ಅವನೇ ಆಗಿರಲಪ್ಪ ಎಂದು ನನಗೆ ಗೊತ್ತಿರುವ ದೇವರಿಗೆಲ್ಲ ಬೇಡಿಕೊಂಡೆ. ಅಲ್ಲವೆಂದಾದರೆ ಈ ಹುಡುಗಿಗೆ ಅಪ್ಪನೆಂದು ಉಳಿಯುವುದು ಎರಡು ಫೋಟೋ ಮಾತ್ರ.

ನಾವು ಹೋದಾಗ ಕರಿಯಮ್ಮ ಮನೆಯ ಪಕ್ಕದ ಗೂಡಿನಲ್ಲಿ ಮರಿಗಳಿಗೆ ಸೊಪ್ಪು ಕಟ್ಟುತ್ತಿದ್ದರು. ನನ್ನನ್ನು ಕಂಡು ಸೆರಗು ಸರಿಮಾಡಿಕೊಂಡು, “ಸಿನಿಮಾ ಸ್ವಾಮೇರಲ್ವಾ? ತಲೆ ಎಲ್ಲಾ ಬೆಳ್ಳಗಾಗೈತೆ. ಬರ್ರಿ, ಕುಂತ್ಕಳ್ರಿ” ಎಂದು ಚಾಪೆ ಹಾಸಿದರು. ಸವಿತಾ ತಡಮಾಡಲಿಲ್ಲ. ಫೋನನ್ನು ಅವ್ವನ ಮುಂದೆ ಹಿಡಿದು ಕುರಿಮರಿ ದೃಶ್ಯ ಹಾಕಿದಳು.

“ಯಾರ್ದವ್ವ ಇದು?”

ಕರಿಯಮ್ಮ ಫೋನಿನ ಕಡೆ ನೋಡಲೂ ಇಲ್ಲ. “ಇವರ್ದು” ಎಂದು ನನ್ನ ಕಡೆ ಗಲ್ಲ ತೋರಿಸಿದರು. “ಎಲ್ಲಾ ಇವರ್ದೇ. ನನಗೆ ಟಾಕೀಸಿನ ಗೇಟ್ನಾಗೇ ಗೊತ್ತಾತು. ಒಳಗೆ ಕೇಳಿದ ದನಿ ಹೊರಗೆ ನಿಂತ್ಕಂಡು ಮಾತಾಡ್ತಿತ್ತು.”

ಸವಿತಾಳ ಮುಖ ಕಪ್ಪಿಟ್ಟಿತು. “ಹಂಗಾದ್ರೆ ನಂಗೆ ನೆನಪಿರೋದು? ಅಪ್ಪ ಹಿಂಗೇ ಮಾತಾಡ್ತಿರಲಿಲ್ವಾ? ನಾನೇನು ಸುಳ್ಳು ಹೇಳ್ತೀನಾ?”

“ಸುಳ್ಳು ಯಾಕಾದೀತು? ಮಾತಾಡ್ತಿದ್ರು. ಆ ಸಿನಿಮಾ ನೋಡ್ಕಂಡು ಬಂದ ಮ್ಯಾಲೆ.” ಕರಿಯಮ್ಮ ಸೊಪ್ಪಿನ ಕಡ್ಡಿ ಮುರಿಯುತ್ತಾ ನಿಧಾನವಾಗಿ ಹೇಳಿದರು. “ಮೈಕಿನಾಗೆ ಕೇಳೋದೇ ನಿಜವಾದ ದನಿ ಅಂದ್ರಂತೆ ಸ್ವಾಮೇರು. ಅವರು ನಂಬಿದ್ರು. ಊರಿನೋರೂ ಬಸ್ಸಿನಾಗೆ, ಸಂತೆಯಾಗೆ ಹಿಡ್ಕಂಡು, ಸಿನಿಮಾದಾಗೆ ಮಾತಾಡ್ದಂಗೆ ಮಾತಾಡು ಅನ್ನೋರು. ಗಂಟ್ಲು ಒತ್ಕಂಡು ದಪ್ಪಗೆ ಮಾತಾಡಾಕೆ ಕಲ್ತ್ರು. ಮೊದ್ಲು ನಾನು ನಗ್ತಿದ್ದೆ. ಆಮ್ಯಾಲೆ ಅದೇ ಆಗೋತು. ನನ್ನ ಕರೆಯಾದೂ ಅದ್ರಾಗೇ. ನಿನಗೆ ಬುದ್ಧಿ ಬರೋ ಹೊತ್ತಿಗೆ ಅವರು ಹಂಗೇ ಇದ್ರು ಕಣವ್ವ. ನಿಮ್ಮಪ್ಪಂದು ಅದೇ ದನಿ. ನಿಂಗೆ ಏನೂ ಕಳದಿಲ್ಲ.”

ನನಗೆ ಕೂತ ಚಾಪೆ ಜಾರಿದ ಹಾಗಾಯಿತು. ಅಂದರೆ ನಾನು ಅವನಿಗೆ ಕಂಠ ಕೊಟ್ಟೆ, ಅವನು ಅದನ್ನು ನಿಜವಾಗಿಯೇ ತೆಗೆದುಕೊಂಡು ಮನೆಗೆ ಹೋಗಿದ್ದ.

“ನೀವು ಅವತ್ತೇ ಹೇಳಬಾರದಿತ್ತಾ ಅಮ್ಮ, ಅದು ನಿಮ್ಮ ದನಿ ಅಲ್ಲ ಅಂತ?” ಅಂದೆ.

“ಹೆಂಗೆ ಹೇಳ್ಲಿ? ಅಷ್ಟು ಖುಷಿ ಇತ್ತು ಅವರಿಗೆ.” ಅವರು ಕೈಯಲ್ಲಿದ್ದ ಸೊಪ್ಪು ಕೆಳಗಿಟ್ಟರು. “ಅವರ್ದು ಸಣ್ಣ ಗಂಟ್ಲು ಸ್ವಾಮಿ. ಸೀಳಿದಂಗೆ. ಗುಡ್ಡದಾಚೆ ಇರೋ ಕುರಿ ತಲೆ ಎತ್ತೋದು. ಕುರಿ ಮುಂದೆ ಮಾತ್ರ ಹಳೇ ದನಿ ತೆಗೀತಿದ್ರು. ದಪ್ಪ ದನಿಗೆ ಅವು ತಿರುಗಿ ನೋಡ್ತಿರಲಿಲ್ಲ. ಅವರು ಕುರಿ ಕರೆಯೋ ಹೊತ್ತಿಗೆ ನಾನು ಕೆಲಸ ಬಿಟ್ಟು ಗೋಡೆ ಹಿಂದೆ ನಿಂತ್ಕಂತಿದ್ದೆ. ಕೇಳಾಕೆ. ಅವರು ಹೋದ ಮ್ಯಾಲೆ ಅದೂ ಇಲ್ಲ.”

ಸವಿತಾ ಅವ್ವನನ್ನೇ ನೋಡುತ್ತಿದ್ದಳು. ಇಷ್ಟು ವರ್ಷ ಈ ಮಾತು ಅವಳೂ ಕೇಳಿರಲಿಲ್ಲ.

“ಬೆಂಗಳೂರ್ನಾಗೆ ಅವರ ದನಿ ಹಿಡಿದಿದ್ದ ಟೇಪು ಇತ್ತಂತಲ್ಲ” ಅಂದರು ಕರಿಯಮ್ಮ. “ಅದೆಲ್ಲೈತೆ?”

ಸುಳ್ಳು ಹೇಳಿ ಆದ ಅನಾಹುತ ಕಣ್ಣ ಮುಂದೇ ಇತ್ತು. “ಅಳಿಸಿಬಿಟ್ವಿ ಅಮ್ಮ. ನಾಕು ದಿನ ಕಿವಿಗೆ ಹಾಕ್ಕಂಡು ಕೇಳಿ, ಆಮ್ಯಾಲೆ ನಾನೇ ಅಳಿಸಾಕೆ ಹೇಳಿದ್ದು. ಬ್ಯಾರೆ ಸಿನಿಮಾಕ್ಕೆ ಬೇಕಿತ್ತು” ಅಂದೆ. ನನಗೆ ಅಳು ಬಂತು, ನಾಚಿಕೆಯಾಯಿತು, ಎದ್ದು ಹೋಗೋಣ ಅನ್ನಿಸಿತು.

ಅವರು ಬೈಯಲಿಲ್ಲ. “ನಾಕು ದಿನ ಕೇಳೀನಿ ಅಂತೀರಿ. ನಿಮ್ಮ ಕಿವಿಯಾಗಾದ್ರೂ ಇರ್ಬೇಕಲ್ಲ. ಒಂದ್ಸಲ ಅವರಂಗೆ ಮಾತಾಡ್ರಿ.”

“ಏನಂತ ಅಮ್ಮ?”

“ಹೊಲದಿಂದ ಬಂದೇಟಿಗೆ, ಲೇ ಕರೀ, ನೀರು ತಗಂಬಾ ಅನ್ನೋರು.”

ಇನ್ನೊಬ್ಬರ ಹೆಂಡತಿಯನ್ನು, ಅದೂ ಈ ವಯಸ್ಸಿನಲ್ಲಿ, ಲೇ ಅನ್ನುವುದು ಹೇಗೆ? ಸವಿತಾ, “ಅನ್ರಿ ಸಾರ್” ಅಂದಳು. ಕಣ್ಣು ಮುಚ್ಚಿಕೊಂಡು ಆ ಸ್ಟುಡಿಯೋದ ಕತ್ತಲನ್ನು ನೆನೆಸಿಕೊಂಡೆ. ಕಿವಿಯಲ್ಲಿ ಏನೂ ಕೇಳಿಸಲಿಲ್ಲ. ಗಂಟಲು ಸಣ್ಣ ಮಾಡಿದರೆ ಕೆಮ್ಮು ಬಂತು. ಕೊನೆಗೆ ಬಂದ ಹಾಗೆ ಬರಲಿ ಎಂದು, “ಲೇ ಕರೀ, ನೀರು ತಗಂಬಾ” ಅಂದೆ.

ಸವಿತಾ ಸೆರಗನ್ನು ಬಾಯಿಗೆ ಒತ್ತಿಕೊಂಡು ಅಳಲು ಶುರುಮಾಡಿದಳು. ಅವಳ ಅಪ್ಪ ಮಾತಾಡಿದ್ದ. ಕರಿಯಮ್ಮ ನನ್ನ ಬಾಯಿಯನ್ನೇ ನೋಡುತ್ತಾ ಕೂತಿದ್ದರು. ಆಮೇಲೆ ಮೆಲ್ಲಗೆ ತಲೆಯಾಡಿಸಿ, “ಅಲ್ಲ ಬಿಡ್ರಿ” ಅಂದು, ಮಂಡಿಗೆ ಕೈಕೊಟ್ಟು ಎದ್ದು, ನೀರು ತರಲು ಒಳಗೆ ಹೋದರು.